ಸುತ್ತಿಗೆ ನಿಂತ ಹೊತ್ತು

"ನೀವು ಇದನ್ನ ಆಗ್ಲೇ ನೋಡ್ಬುಟ್ಟಿದೀರ," ಎಂದಳು ಲೋಹಿತಾ. ಸೋತವರನ್ನು ಕೊಂದೇಬಿಡುವ ಆಟದ ಆ ಧಾರಾವಾಹಿಯನ್ನು ಜೊತೆಯಲ್ಲೇ ನೋಡಬೇಕೆಂದು ಗಂಡ ಹೆಂಡತಿ ಮಾತಾಡಿಕೊಂಡಿದ್ದರು. ಆದರೆ ಟಿವಿಯಲ್ಲಿ ಕೊನೆಯ ಕಂತಿನ ಹೆಸರಿನಡಿ, ಯಾರೋ ನೋಡಿ ಮುಗಿಸಿದ ಗುರುತಾಗಿ ಕೆಂಪು ಗೆರೆ ಬಿದ್ದಿತ್ತು.

"ನಿನ್ನೆ ಪೂರ್ತಿ ಸಿರಾದಲ್ಲಿದ್ದೆ ಕಣೇ. ದೇವ್ರಾಣೆ ನೋಡಿಲ್ಲ," ಎಂದ ಪ್ರಭುದೇವ್.

"ಬಸ್ಸಲ್ಲಿ ಫೋನಿತ್ತಲ್ಲ." ಇಷ್ಟನ್ನೇ ಮುಚ್ಚಿಡುವವನು ಇನ್ನೇನೇನು ಮುಚ್ಚಿಟ್ಟಿದ್ದಾನೋ ಎಂದು, ಕಂತು ಶುರುವಾದರೂ ಅವಳು ಟಿವಿ ಬಿಟ್ಟು ಅವನ ಮುಖವನ್ನೇ ನೋಡತೊಡಗಿದಳು. ಅವನ ಅಮ್ಮ ಶಿವರುದ್ರಮ್ಮ, "ಜನ ಸಾಯೋದನ್ನೂ ದುಡ್ಡು ಕೊಟ್ಟು ನೋಡ್ತೀರಲ್ಲ," ಎಂದು ಬೈದು, ಟಿವಿಗೆ ಬೆನ್ನು ಹಾಕಿ ಕೂತು ಸುತ್ತಿಗೆಯಿಂದ ಹುಣಸೆಹಣ್ಣು ಕುಟ್ಟುತ್ತಾ ಬೀಜ ಬಿಡಿಸುತ್ತಿದ್ದರು.

ಆಟದಲ್ಲಿ ಉಳಿದಿದ್ದವರು ಇಬ್ಬರೇ, ಒಬ್ಬ ಮುದುಕಿ, ಒಬ್ಬ ಹುಡುಗಿ. ಇಬ್ಬರೂ ನಗುತ್ತಾ ಒಂದೇ ತಟ್ಟೆಯಲ್ಲಿ ಊಟ ಮಾಡುತ್ತಿದ್ದರು. "ಯಾರು ಉಳೀತಾರೆ, ಹೇಳಿ ನೋಡಾಣ," ಎಂದು ಲೋಹಿತಾ ಗಂಡನನ್ನು ಕೆಣಕಿದಳು. ಅವನು ಬಾಯಿ ಬಿಡುವ ಮೊದಲೇ ಹಿಂದೆ ಸುತ್ತಿಗೆಯ ಸದ್ದು ನಿಂತಿತು. ತಿರುಗಿ ನೋಡಿದರೆ ಶಿವರುದ್ರಮ್ಮ ಹುಣಸೆ ಮೆತ್ತಿದ ಕೈಯಲ್ಲೇ ಸೆರಗೆತ್ತಿ ಕಣ್ಣಿಗೆ ಒತ್ತಿಕೊಂಡಿದ್ದರು.

ಗುಂಡಿನ ಸದ್ದು ಕೇಳಿದ್ದು ಆಮೇಲೆ. ಮುದುಕಿ ತಟ್ಟೆಯ ಮೇಲೆಯೇ ಕುಸಿದಳು.

"ಅತ್ತೆ, ನೀವಾ?"

ಶಿವರುದ್ರಮ್ಮ ಸೆರಗು ತೆಗೆಯಲಿಲ್ಲ. "ನಿನ್ನೆ ಒಬ್ಳೇ ಕುಂತ್ಕಂಡು ಅತ್ಬುಟ್ಟೆ ಕಣಮ್ಮ. ಇವತ್ತು ನೀನೂ ಅಳು."