ಯಾವ ಕಾಲು?

ಇದನ್ನು ಪೂರ್ತಿ ಕೇಳಿ, ನಗುವುದಿದ್ದರೆ ಆಮೇಲೆ ನಗಿ.

ಎಲ್ಲರೂ ಸಮಾನರಾಗಿ ಬದುಕುವ ಕಾಲ್ಪನಿಕ ಊರೊಂದನ್ನು ಗೇಲಿ ಮಾಡುವ ಕಿರುಚಿತ್ರ ನಮ್ಮದು. ಚಿತ್ರೀಕರಣಕ್ಕೆ ಅಂಥ ಜನರೇ ಸಿಕ್ಕಿದರು! ಗುಡ್ಡದ ಮೇಲೆ ಇಪ್ಪತ್ತು ಮಂದಿ, ಒಂದೇ ಅಡುಗೆಮನೆ, ಒಂದೇ ಬಣ್ಣದ ಬಟ್ಟೆ. ಅವರಲ್ಲಿ ಹಿರಿಯರಾದ ನೀಲವ್ವ ಮೊದಲ ದಿನವೇ ನಮ್ಮನ್ನು ಊಟದ ಪಂಕ್ತಿಯಲ್ಲಿ ಕೂರಿಸಿದರು.

"ಇಲ್ಲಿ ಬೀಗರು, ಹೊರಗಿನವ್ರು ಅಂತ ಯಾರೂ ಇಲ್ರಿ. ಪಂಕ್ತ್ಯಾಗ ಉಂಡವ್ರು ನಮ್ಮವ್ರ."

ನಾನು ಕೊನೆಯ ದೃಶ್ಯ ವಿವರಿಸಿದೆ. ಊರಲ್ಲಿ ಒಬ್ಬನ ಕಾಲು ಮುರಿಯುತ್ತದೆ, ಸಮಾನತೆಗಾಗಿ ಎಲ್ಲರೂ ಕುಂಟುತ್ತಾರೆ. ನಮ್ಮ ತಂಡ ಬಿದ್ದು ಬಿದ್ದು ನಕ್ಕಿತು. ಗುಡ್ಡದವರಲ್ಲಿ ಒಬ್ಬರೂ ನಗಲಿಲ್ಲ.

"ಯಾವ ಕಾಲ್ರಿ?" ನೀಲವ್ವ ಕೇಳಿದರು.

"ಯಾವುದಾದ್ರೂ ಸರಿ ಅವ್ವಾ, ತಮಾಷೆಗೆ ತಾನೆ!"

ಎಂಟನೇ ದಿನ ಅವರ ಮುರಿಗೆಪ್ಪ ಬಾವಿಯ ಮೆಟ್ಟಿಲಲ್ಲಿ ಜಾರಿಬಿದ್ದ. ಎಡಗಾಲಿನ ಮೂಳೆ ಮುರಿದ ಸದ್ದು ನನಗೂ ಕೇಳಿಸಿತು.

"ಕಾರು ತರ್ತೀನಿ, ಆಸ್ಪತ್ರೆಗೆ ಹೋಗೋಣ!" ಎಂದೆ.

"ಹೋಗೂಣಂತ, ಅವಸರ ಯಾಕ? ಎಲ್ಲಾರೂ ಕೂಡೇ ಹೋಗೂಣು. ಕುಂಡರ್ರಿ," ಎಂದರು ನೀಲವ್ವ.

ಅಂಗಳದಲ್ಲಿ ಎಲ್ಲರೂ ಊಟಕ್ಕೆ ಕೂರುವ ಸಾಲಿನಲ್ಲೇ ಎಡಗಾಲು ಚಾಚಿ ಕೂತರು. ನನ್ನ ಎರಡೂ ಪಕ್ಕದವರು ನನ್ನ ಭುಜ ಹಿಡಿದು ನನ್ನ ಜಾಗದಲ್ಲೇ ಕೂರಿಸಿದರು.

"ಅವ್ವಾ, ಅದು ಬರೀ ಸಿನಿಮಾ!"

"ಹೌದ್ರಿ, ನೀವು ಸುಮ್ನ ಕುಂಟಾವ್ರು. ನಮಗ ನಾಟಕ ಬರೂದಿಲ್ಲ."

ನೀಲವ್ವ ರುಬ್ಬುಗುಂಡನ್ನು ಎರಡೂ ಕೈಯಿಂದ ತಲೆಯ ಮೇಲೆತ್ತಿ, ತಮ್ಮದೇ ಎಡಗಾಲಿನ ಮೇಲೆ ಬಿಟ್ಟು, ನಗುತ್ತಲೇ ಅದನ್ನು ಪಕ್ಕದವನಿಗೆ ದಾಟಿಸಿದರು. ನೀವಾಗಿದ್ದರೆ ಏನು ಮಾಡುತ್ತಿದ್ದಿರಿ?