ಅತ್ತೆ ಮತ್ತು ಬೂಷ್ಟು

ಐದನೇ ಸಲ ದೂರು ವಿಭಾಗಕ್ಕೆ ಹೋಗುವಾಗ ಅವಳು ಅತ್ತೆಯನ್ನು ಕರೆದುಕೊಂಡು ಹೋದಳು. ಹಿಂದಿನ ನಾಲ್ಕು ಸಲವೂ ಒಂದೇ ದೂರು. ಮಕ್ಕಳ ಬಸ್ಸಿನ ಹಿಂಬಾಗಿಲಿನ ಚಿಲಕ ನಿಲ್ಲುವುದಿಲ್ಲ, ತಿರುವಿನಲ್ಲಿ ಬಾಗಿಲು ತೆರೆದುಕೊಂಡು ಮಗಳು ಬಿದ್ದು ಕೈ ಮುರಿದಿದೆ, ಚಿಲಕ ಸರಿಯಾಗುವವರೆಗೆ ಆ ಬಸ್ಸನ್ನು ನಿಲ್ಲಿಸಿ. ನಾಲ್ಕು ಸಲವೂ ಕೆಂಡವಾಗಿ ಒಳಗೆ ಹೋದವಳು ಮೇಜಿನ ಹತ್ತಿರ ಕೂತು ಅರ್ಧ ಮಾತಾಡುವಷ್ಟರಲ್ಲಿ ತಣ್ಣಗಾಗಿ, "ಹೋಗ್ಲಿ ಬಿಡಿ ಸಾರ್" ಎಂದು ಎದ್ದು ಬಂದಿದ್ದಳು. ದೂರು ವಿಭಾಗದ ಸಾಹೇಬರು ಅವಳ ಅರ್ಜಿಯ ಮೇಲೆ 'ಸಮಾಧಾನ' ಎಂಬ ಮೊಹರು ಒತ್ತಿ ಕಪಾಟಿಗೆ ಸೇರಿಸಿದ್ದರು. ಮನೆಗೆ ಬಂದು ಮಗಳ ಕೈಯ ಪ್ಲಾಸ್ಟರ್ ನೋಡಿದ ಮೇಲೆಯೇ ಸಿಟ್ಟು ಮತ್ತೆ ಹುಟ್ಟುತ್ತಿತ್ತು.

ಗುಟ್ಟು ತಿಳಿದದ್ದು ನಾಲ್ಕನೇ ಸಲ. ಸರದಿಯಲ್ಲಿ ಅವಳ ಮುಂದಿದ್ದ ಬಡಗಿಯೊಬ್ಬ ಮೇಜು ಗುದ್ದಿ ಕೂಗಾಡುತ್ತಿದ್ದ. ಅವನು ಕೂಗಿದಷ್ಟೂ ಸಾಹೇಬರ ಬೆನ್ನ ಹಿಂದಿನ ಗೋಡೆಯ ಬೂಷ್ಟು ಹುದುಗು ಬಂದ ಹಿಟ್ಟಿನಂತೆ ಉಬ್ಬುತ್ತಿತ್ತು. ಅದು ಉಬ್ಬಿದಷ್ಟೂ ಬಡಗಿ ಇಳಿಯುತ್ತಿದ್ದ. ಕೊನೆಗೆ ತಾನೇ ಗುದ್ದಿದ ಮೇಜನ್ನು ಸವರಿ, "ಒಳ್ಳೇ ಮರ" ಎಂದು ಹೊರಟುಹೋದ.

ನೀರಿನ ಕೊಳವೆ ಸೋರಿ ಹುಟ್ಟಿದ ಬೂಷ್ಟು ಅದು. ಕೋಪ, ಅಳು, ಸಂಕಟ, ಯಾವುದಾದರೂ ತಿನ್ನುತ್ತಿತ್ತು. ಬಿಸಿಬಿಸಿಯಾಗಿದ್ದರೆ ಇನ್ನೂ ಇಷ್ಟ. ಸಾಹೇಬರು ಕೊಳವೆ ಸರಿಮಾಡಿಸಲಿಲ್ಲ. ಬೂಷ್ಟಿನ ಸುತ್ತ ಮರದ ಚೌಕಟ್ಟು ಹೊಡೆಸಿ, ದಿನಾ ಬೆಳಿಗ್ಗೆ ತಾವೇ ನೀರು ಚಿಮುಕಿಸಿದರು. ಅತಿ ಹೆಚ್ಚು ಸಮಾಧಾನ ಮಾಡಿದ ಅಧಿಕಾರಿ ಎಂದು ಅವರಿಗೆ ಪದಕವೂ ಬಂತು. ದಿನವಿಡೀ ಅದರ ಮುಂದೆಯೇ ಕೂತಿದ್ದರೂ ಅದು ಅವರ ತಂಟೆಗೆ ಹೋಗುತ್ತಿರಲಿಲ್ಲ. ಯಾರದೋ ಮಗುವಿನ ಕೈ ಮುರಿದರೂ ಅವರೊಳಗೆ ತಿನ್ನುವಂಥದ್ದೇನೂ ಹುಟ್ಟುತ್ತಿರಲಿಲ್ಲ.

ಅಂದು ಸಂಜೆ ಅವಳು ಪಾತ್ರೆ ತೊಳೆಯುತ್ತಿದ್ದಾಗ ಹಿಂದಿನಿಂದ ಅತ್ತೆಯ ಮಾತು ಎಂದಿನಂತೆ ಹರಿಯುತ್ತಿತ್ತು. ಸೋಪು ಜಾಸ್ತಿಯಾಯ್ತು, ತಳ ಉಜ್ಜಲಿಲ್ಲ, ಹಾಗಲ್ಲ ಹೀಗೆ. ಹನ್ನೊಂದು ವರ್ಷದ ರಾಗ. ಒಂದು ದಿನವೂ ದನಿ ಏರಿದ್ದಿಲ್ಲ, ಮುಖ ಕೆಂಪಾದದ್ದಿಲ್ಲ. ಅವಳ ಕೈ ನಿಂತಿತು.

"ಅತ್ತೆ, ನಾಳೆ ನನ್ನ ಜೊತೆ ಒಂದು ಕಡೆ ಬರ್ತೀರಾ?"

"ಬರ್ತೀನಿ. ಮೊದ್ಲು ಆ ನಲ್ಲಿ ನಿಲ್ಸು."

ಮರುದಿನ ಅತ್ತೆ ಸಾಹೇಬರ ಎದುರು ಕೂತರು. ತನ್ನ ಸಿಟ್ಟಾಗಲಿ ಇನ್ನೊಬ್ಬರದಾಗಲಿ ಬೂಷ್ಟಿಗೆ ಸಿಗದ ಹಾಗೆ ಸೊಸೆ ದೂರದ ಬಾಗಿಲಲ್ಲೇ ಅಡ್ಡ ನಿಂತಳು.

"ಹೇಳಿ ತಾಯಿ" ಎಂದರು ಸಾಹೇಬರು, ಮೊಹರನ್ನು ಆಗಲೇ ಶಾಯಿಗೆ ಒತ್ತಿಟ್ಟುಕೊಂಡು.

"ಚಿಲಕ ಹಾಕಿಸಪ್ಪ" ಎಂದರು ಅತ್ತೆ, ಬಟ್ಟೆ ಮಡಿಸುವಷ್ಟು ನಿರಾಳವಾಗಿ. "ಚಿಲಕ ಇಲ್ದಿದ್ರೆ ಅದು ಬಾಗಿಲಲ್ಲ, ತೂತು. ಈ ಕುರ್ಚಿ ಯಾಕೆ ಹೀಗೆ ಕಿರ್ ಅನ್ನುತ್ತೆ, ಒಂದು ತೊಟ್ಟು ಎಣ್ಣೆ ಬಿಡೋಕೇನು? ನಿನ್ನ ಅಂಗಿ ಗುಂಡಿ ಒಂದು ಕಾಜ ತಪ್ಪಿದೆ ನೋಡ್ಕೋ. ಚಿಲಕ ಹಾಕಿಸು."

"ಪರಿಶೀಲಿಸ್ತೀವಿ ತಾಯಿ."

"ಪರಿಶೀಲ್ಸು, ಯಾರು ಬೇಡ ಅಂದ್ರು? ಅಲ್ಲೀವರೆಗೂ ಬಸ್ ನಿಲ್ಸು. ಬೆಳಿಗ್ಗೆಯಿಂದ ನಾಲ್ಕು ಲೋಟ ಟೀ ಕುಡಿದಿದೀಯ. ಹೊಟ್ಟೆ ಕೆಡಲ್ವಾ?"

ಸಾಹೇಬರು ತಿರುಗಿ ಗೋಡೆ ನೋಡಿದರು. ಬೂಷ್ಟು ಮಿಸುಕಲಿಲ್ಲ. ಅತ್ತೆಯ ಮಾತು ಪರದೆಯ ಧೂಳಿಗೆ ಹೋಯಿತು, ಅಲ್ಲಿಂದ ಸಾಹೇಬರನ್ನು ಅವರ ತಾಯಿ ಬೆಳೆಸಿದ ರೀತಿಗೆ ಹೋಯಿತು, ಮತ್ತೆ ಚಿಲಕಕ್ಕೆ ಬಂತು. ಒಂದು ಗಂಟೆಯಾಗುವ ಹೊತ್ತಿಗೆ ಬೂಷ್ಟಿನ ಅಂಚು ಹಸಿವಿನಿಂದ ಬೂದಿಬಣ್ಣಕ್ಕೆ ತಿರುಗಿತ್ತು. ಅದರ ಒಂದು ಎಳೆ ಚೌಕಟ್ಟು ದಾಟಿ ಸಾಹೇಬರ ಕಾಲರಿನೊಳಗೆ ಇಳಿಯಿತು. ಹುಡುಕಿದರೆ ಅವರೊಳಗೂ ಒಂದು ಭಾವನೆ ಇತ್ತು. ಒಂದೇ ಒಂದು. ಬಸ್ಸು ನಿಲ್ಲಿಸಿದರೆ ಮೇಲಿನ ಸಾಹೇಬರು ಏನಂದಾರೋ ಎಂಬ ಹೆದರಿಕೆ. ಬೇರೆ ಗತಿಯಿಲ್ಲದೆ ಬೂಷ್ಟು ಅದನ್ನೇ ತಿಂದಿತು.

ಸಾಹೇಬರು ಕತ್ತು ತುರಿಸಿಕೊಂಡರು. "ನಿಲ್ಸೋದ್ರಲ್ಲಿ ಏನು ಮಹಾ" ಎಂದು ತಮಗೇ ಹೇಳಿಕೊಂಡು ಕಾಗದ ಎಳೆದರು. ಆ ಬಸ್ಸನ್ನು ಇಂದಿನಿಂದಲೇ ನಿಲ್ಲಿಸತಕ್ಕದ್ದು ಎಂದು ಬರೆದು ಸಹಿ ಹಾಕಿದರು.

"ಅಕ್ಷರ ಸ್ವಲ್ಪ ದುಂಡಗೆ ಬರೀಬಾರ್ದಾ?" ಎಂದರು ಅತ್ತೆ.

ಹೊರಗೆ ಬಂದ ಮೇಲೆ ಸೊಸೆ ಆದೇಶವನ್ನು ಎರಡು ಸಲ ಓದಿದಳು. ನಗು ಬಂತು. ಆಮೇಲೆ ನಿಂತುಹೋಯಿತು.

"ಅತ್ತೆ, ಒಂದು ಗಂಟೆ ಮಾತಾಡಿದ್ರಿ. ಆ ಬೂಷ್ಟು ನಿಮ್ಮ ಕಡೆ ಒಂದು ಎಳೆಯನ್ನೂ ಚಾಚಲಿಲ್ಲ."

"ಯಾಕೆ ಚಾಚಬೇಕು?"

"ಇಷ್ಟು ವರ್ಷ ನನಗೆ ಅಂದಿದ್ರಲ್ಲೂ ಏನೂ ಇರ್ಲಿಲ್ವಾ? ಸಿಟ್ಟು, ಬೇಜಾರು, ಏನೂ?"

ಅತ್ತೆ ನಿಜಕ್ಕೂ ಯೋಚಿಸಿದರು. "ಏನಿರುತ್ತೆ? ಸುಮ್ನೆ ಅಂತಿದ್ದೆ."

ಹನ್ನೊಂದು ವರ್ಷ ಅವಳು ಸ್ನಾನದ ಮನೆಯಲ್ಲಿ ಬಾಯಿಗೆ ಟವೆಲ್ ಒತ್ತಿಕೊಂಡು ಅತ್ತದ್ದು ಆ ಮಾತುಗಳಿಗೇ.

ಅವಳು ಆದೇಶವನ್ನು ಅತ್ತೆಯ ಕೈಗೆ ಕೊಟ್ಟಳು. "ಇದನ್ನ ಬಸ್ ಡಿಪೋದಲ್ಲಿ ಕೊಟ್ಬಿಡಿ. ಬಸ್ ನಿಲ್ಸೋವರೆಗೂ ಬಿಡಬೇಡಿ ಅವರನ್ನ."

"ನೀನು ಬರಲ್ವಾ?"

"ನೀವು ನಡೀತಿರಿ" ಎಂದು ಸೊಸೆ ಮೆಟ್ಟಿಲು ಹತ್ತಿ ಒಳಗೆ ಹೋದಳು. ಸಾಹೇಬರ ಎದುರಿಗಿದ್ದ ಕುರ್ಚಿಯನ್ನು ಗೋಡೆಯ ಹತ್ತಿರ ಎಳೆದುಕೊಂಡು, ಹಸಿದ ಬೂಷ್ಟಿಗೆ ಕತ್ತು ಎಟುಕುವ ಹಾಗೆ ಕೂತಳು.