ಅಣ್ಣನ ಗೇಮು

ಬಿಸಿಯಾದ ಧೂಳಿನ ವಾಸನೆ ಬಂದರೆ ಈಗಲೂ ಸಯನ್ನಿನ ನಮ್ಮ ಫ್ಲ್ಯಾಟಿನ ಆ ಮಧ್ಯಾಹ್ನ ನೆನಪಾಗುತ್ತದೆ. ನಮ್ಮ ಕಂಪ್ಯೂಟರಿನ ಮಾನಿಟರು ಕಾದಾಗ ಅದೇ ವಾಸನೆ ಬರುತ್ತಿತ್ತು.

ಅಣ್ಣ ತೀರಿಕೊಂಡು, ವೈಕುಂಠ ಸಮಾರಾಧನೆಯೂ ಮುಗಿದಿತ್ತು. ಅವನ ಬಟ್ಟೆ, ಹಾಸಿಗೆ, ಸೈಕಲ್ಲು ಎಲ್ಲವನ್ನೂ ಮಲಾಡಿನಿಂದ ಬಂದಿದ್ದ ಅತ್ತೆ ಯಾರು ಯಾರಿಗೋ ಕೊಡಿಸಿದ್ದರು. ಕಂಪ್ಯೂಟರ್ ಅಪ್ಪನದು. ಅದರೊಳಗೆ ಅಣ್ಣ ಹಾಕಿಕೊಂಡಿದ್ದ ಕಾರ್ ರೇಸಿನ ಗೇಮು ಮಾತ್ರ ಉಳಿದಿತ್ತು.

“ಹೋದವರ ವಸ್ತು ಮನೇಲಿ ಇಟ್ಕೋಬಾರದು. ಅದನ್ನೂ ಅವನ ಫ್ರೆಂಡಿಗೆ ಕೊಟ್ಬಿಡು,” ಎಂದರು ಅತ್ತೆ.

“ಫ್ಲಾಪಿಗೆ ಕಾಪಿ ಮಾಡಿ ಬೆಳಿಗ್ಗೇನೇ ಕೊಟ್ಟೆನಲ್ಲ ಅತ್ತೆ.”

“ಮತ್ತೆ ಇಲ್ಲೂ ಇದೆ ಅಂತೀಯ?”

“ಕಾಪಿ ಅಂದ್ರೆ ಹಾಗೇ. ಅಲ್ಲೂ ಇರತ್ತೆ, ಇಲ್ಲೂ ಇರತ್ತೆ.”

“ಕೊಟ್ಟ ಮೇಲೂ ನಮ್ಮ ಹತ್ರಾನೇ ಉಳಿದ್ರೆ ಅದು ದಾನ ಹೇಗಾಗತ್ತೋ?”

ಶಾಲೆಯ ಚರ್ಚಾಸ್ಪರ್ಧೆಗಳಲ್ಲಿ ಗೆದ್ದು ಬರುತ್ತಿದ್ದ ನಾನು ಅಪ್ಪನ ಕಡೆ ತಿರುಗಿದೆ. ಅಪ್ಪ “ಅಳಿಸು” ಎಂದರು. ಅಣ್ಣನ ಗೇಮಿದ್ದ ಡೈರೆಕ್ಟರಿಯೊಳಗೆ ಹೋಗಿ, ಫೈಲುಗಳನ್ನೆಲ್ಲ ಅಳಿಸುವ ಕಮಾಂಡ್ ಟೈಪ್ ಮಾಡಿದೆ. ನನಗೆ ಏನೂ ಅನಿಸಲಿಲ್ಲ. ಕಪ್ಪು ಪರದೆಯ ಮೇಲೆ ಒಂದು ಸಾಲು ಮೂಡಿತು.

“ಏನು ಕೇಳ್ತಿದೆ ಅದು?” ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಅಮ್ಮನ ದನಿ.

“ಎಲ್ಲಾ ಫೈಲೂ ಹೋಗತ್ತೆ, ಖಂಡಿತಾನಾ ಅಂತ.”

ಅತ್ತೆ ಅಪ್ಪನ ಮುಖ ನೋಡಿದರು. ಅಪ್ಪ ಫ್ಯಾನು ತಿರುಗುವುದನ್ನು ನೋಡುತ್ತಿದ್ದರು.

“ಇವತ್ತು ಬೇಡ ಅನ್ನು,” ಎಂದಳು ಅಮ್ಮ.

ಕಂಪ್ಯೂಟರಿಗೆ ಹೌದು, ಇಲ್ಲ ಎರಡೇ ಅರ್ಥವಾಗುವುದು ಎಂದು ನಾನು ವಾದಿಸಬಹುದಿತ್ತು. ಸುಮ್ಮನೆ ‘ಇಲ್ಲ’ದ ಕೀ ಒತ್ತಿದೆ.